ಅಣಬೆ ಎಸೆದು ನೀರು ಉಳಿಸಿಕೊಳ್ಳುವ ಅನ್ನ

"ಮೊದಲು ಮೂಸಿ ನೋಡು," ಅಂದರು ತಾಂತ್.

ಶುಕ್ರವಾರ ರಾತ್ರಿ. ಅವರ ಅಡುಗೆಮನೆಯ ಮೇಜಿನ ಮೇಲೆ ಹಳೇ ಪೇಪರ್ ಹಾಸಿತ್ತು. ಅದರ ಮೇಲೆ ಬಾಯಿಗೆ ದಾರ ಕಟ್ಟಿದ ಒಂದು ಪ್ಲಾಸ್ಟಿಕ್ ಚೀಲ. ಗಂಟು ಬಿಚ್ಚಿ ನನ್ನ ಮುಖದ ಹತ್ತಿರ ಹಿಡಿದರು. ಒಣ ಎಲೆ, ಹಳೇ ಮರ, ಹುರಿದ ಯಾವುದೋ ಕಾಳು, ಎಲ್ಲ ಸೇರಿದ ವಾಸನೆ. ಮಳೆ ಬಿದ್ದ ಮಾರನೇ ದಿನ ಹಾಡಿಯ ಮರಗಳ ನಡುವೆ ಹೋದರೆ ಕಾಲಡಿಯಿಂದ ಏಳುತ್ತದಲ್ಲ, ಅದನ್ನೇ ಒಣಗಿಸಿ ತುಂಬಿಟ್ಟ ಹಾಗೆ.

"ಈ ವಾಸನೆ ನಾಳೆ ಅನ್ನದಲ್ಲಿ ಬರಬೇಕು. ಬರಲಿಲ್ಲ ಅಂದರೆ ಎಲ್ಲೋ ತಪ್ಪಿದ್ದೇವೆ ಅಂತ ಲೆಕ್ಕ."

ಚೀಲದಲ್ಲಿದ್ದದ್ದು ಜೋಂ ಜೋಂ. ಕೆರಿಬಿಯನ್ ಸಮುದ್ರದ ಹೈಟಿ ದೇಶದ ಉತ್ತರ ಭಾಗದಲ್ಲಿ ಸಿಗುವ ಕಪ್ಪು ಅಣಬೆ. ಅಂಗಿ ಗುಂಡಿಯಷ್ಟು ಟೋಪಿ, ಹುರಿದಾರದಷ್ಟು ಸಣ್ಣ ಕಾಲು. ಇದರ ಅನ್ನಕ್ಕೆ ಅವರ ಕ್ರೆಯೋಲ್ ಭಾಷೆಯಲ್ಲಿ ದಿರಿ ಆಕ್ ಜೋಂ ಜೋಂ ಅನ್ನುತ್ತಾರೆ. ದಿರಿ ಅಂದರೆ ಅಕ್ಕಿಯೂ ಹೌದು, ಅನ್ನವೂ ಹೌದು. ಆಕ್ ಅಂದರೆ ಜೊತೆ. ನಾವು ಮಾಡಲು ಕೂತದ್ದು ಸಿಗಡಿ ಹಾಕಿದ್ದು.

ನಾನು ಕುಂದಾಪುರದ ಕಡೆಯವಳು. ನ್ಯೂಯಾರ್ಕ್‌ನ ಬ್ರೂಕ್ಲಿನ್‌ಗೆ ಬಂದು ಆರು ವರ್ಷ ಆಯಿತು. ಫ್ಲಾಟ್‌ಬುಷ್‌ನ ಒಂದು ಹಳೇ ಕಟ್ಟಡದ ಮೂರನೇ ಮಹಡಿಯಲ್ಲಿ ಮನೆ. ನಾನು ದಿನಾ ಇಳಿಯುವ ರೈಲು ನಿಲ್ದಾಣದ ಹೆಸರು ನ್ಯೂಕರ್ಕ್ ಅವೆನ್ಯೂ–ಲಿಟಲ್ ಹೈಟಿ. ಲಿಟಲ್ ಹೈಟಿ ಅನ್ನುವುದನ್ನು ಸೇರಿಸಿದ್ದು 2021ರಲ್ಲಿ. ನಮ್ಮ ಬೀದಿಯಲ್ಲಿ ನಡೆದರೆ ಇಂಗ್ಲಿಷ್‌ನಷ್ಟೇ ಕ್ರೆಯೋಲ್ ಕಿವಿಗೆ ಬೀಳುತ್ತದೆ. ನಮ್ಮ ಮನೆಯ ಕೆಳಗಿನ ಮನೆ ತಾಂತ್ ಅವರದ್ದು. ತಾಂತ್ ಅಂದರೆ ನಮ್ಮಲ್ಲಿ ಚಿಕ್ಕಮ್ಮ, ದೊಡ್ಡಮ್ಮ, ಅತ್ತೆ ಅಂತ ಬೇರೆ ಬೇರೆ ಇದೆಯಲ್ಲ, ಅದಕ್ಕೆಲ್ಲ ಸೇರಿ ಒಂದೇ ಮಾತು. ಕಟ್ಟಡದವರೆಲ್ಲ ಹಾಗೇ ಕರೆಯುತ್ತಾರೆ, ನಾನೂ ಹಾಗೇ. ಅವರು ನನ್ನನ್ನು ಪಿತಿತ್ ಅಂತ ಕರೆಯುತ್ತಾರೆ. ಮಗು ಅಂತ ಅರ್ಥ. ನನಗೆ ನಲವತ್ತೊಂದು. ಊರಲ್ಲಿ ನನ್ನನ್ನು ಮಗೂ ಅಂತ ಕರೆಯುವವರು ಈಗ ಯಾರೂ ಉಳಿದಿಲ್ಲ.

ಹೋದ ಮೇ ತಿಂಗಳಲ್ಲಿ ಅವರ ಮೊಮ್ಮಗಳ ಪ್ರಥಮ ಪರಮಪ್ರಸಾದ ಇತ್ತು, ಚರ್ಚಿನಲ್ಲಿ ಮಕ್ಕಳು ಮೊದಲ ಸಲ ಪ್ರಸಾದ ತೆಗೆದುಕೊಳ್ಳುವ ದಿನ. ಊಟಕ್ಕೆ ನನ್ನನ್ನೂ ಕರೆದಿದ್ದರು. ಮೇಜಿನ ತುಂಬ ದೊಡ್ಡ ದೊಡ್ಡ ಟ್ರೇಗಳು. ಹಂದಿ ಮಾಂಸ ಬೇಯಿಸಿ ಹುರಿದ ಗ್ರಿಯೋ. ಬಾಳೆಕಾಯಿ ಕರಿದು, ಜಜ್ಜಿ, ಮತ್ತೆ ಕರಿದದ್ದು. ಎಲೆಕೋಸು, ಕ್ಯಾರೆಟ್, ಖಾರದ ಮೆಣಸು ಎಲ್ಲ ವಿನೆಗರ್‌ನಲ್ಲಿ ಹಾಕಿಟ್ಟ ಪಿಕ್ಲೀಜ್. ಇದರ ನಡುವೆ ಒಂದು ಟ್ರೇಯಲ್ಲಿ ಕಪ್ಪು ಅನ್ನ. ಬೊಂಡಾಸ್ ಮೀನು ಹಸನು ಮಾಡುವಾಗ ಮಸಿ ಒಡೆದರೆ ಕೈಯೆಲ್ಲ ಒಂದು ಬಣ್ಣ ಆಗುತ್ತದೆ, ಆ ಬಣ್ಣ. ಅಲ್ಲಲ್ಲಿ ಹಸಿರು ಬಟಾಣಿ, ಬಾಗಿ ಕೆಂಪಾದ ಸಿಗಡಿ. ಒಂದು ಚಮಚ ಬಾಯಿಗೆ ಹಾಕಿದೆ. ಮಾತು ನಿಂತಿತು. ಮಾಂಸದ ಸಾರಿನ ಗಟ್ಟಿತನ ಇದೆ, ಆದರೆ ಮಾಂಸ ಇಲ್ಲ. ಮಣ್ಣಿನ ಘಮ ಇದೆ, ಆದರೆ ಅಣಬೆ ಚೂರು ಎಲ್ಲೂ ಕಾಣುವುದಿಲ್ಲ. ಅನ್ನ ಉದುರುದುರು. ಮೂರು ಸಲ ಹಾಕಿಸಿಕೊಂಡೆ.

ಅವರಲ್ಲಿ ದಿನಾ ಮಾಡುವುದು ಇದನ್ನಲ್ಲ. ದಿನದ ಊಟಕ್ಕೆ ಕಾಳು ಹಾಕಿದ ಅನ್ನ, ಇಲ್ಲವೇ ಬಿಳಿ ಅನ್ನಕ್ಕೆ ಕಾಳಿನ ಗಟ್ಟಿ ಸಾರು. ಜನವರಿ 1ಕ್ಕೆ ಕುಂಬಳದ ಸೂಪ್, 1804ರಲ್ಲಿ ಸ್ವಾತಂತ್ರ್ಯ ಸಿಕ್ಕಿದ ನೆನಪಿಗೆ. ಜೋಂ ಜೋಂ ಬರುವುದು ಮದುವೆಗೆ, ಪರಮಪ್ರಸಾದಕ್ಕೆ, ಕ್ರಿಸ್‌ಮಸ್‌ಗೆ, ಮನೆಗೆ ಬೇಕಾದವರು ಬಂದಾಗ. ನಮ್ಮಲ್ಲಿ ಹೋಳಿಗೆ ಇದ್ದ ಹಾಗೆ.

ಆ ರುಚಿ ವಾರಗಟ್ಟಲೆ ನಾಲಿಗೆಯಲ್ಲಿ ಉಳಿಯಿತು. ಕೇಳಿ ಕಲಿಯುವ ಬದಲು ನಾನೇ ಮಾಡಿ ನೋಡೋಣ ಅಂತ ಹೊರಟೆ. ಪಕ್ಕದ ಬೀದಿಯ ಅಂಗಡಿಯಲ್ಲಿ ಒಂದು ಪೊಟ್ಟಣ ತಂದೆ. ಅಂಗೈಯಗಲದ ಪೊಟ್ಟಣ, ಆದರೆ ಅರ್ಧ ಕಿಲೋ ಸಿಗಡಿಗೆ ಕೊಟ್ಟದ್ದಕ್ಕಿಂತ ಜಾಸ್ತಿ ದುಡ್ಡು. ಮನೆಗೆ ಬಂದು ನನಗೆ ಗೊತ್ತಿದ್ದ ಅಣಬೆ ಪಲಾವ್ ಮಾಡುವ ಹಾಗೆಯೇ ಮಾಡಿದೆ. ಹತ್ತು ನಿಮಿಷ ತಣ್ಣೀರಲ್ಲಿ ನೆನೆಸಿದೆ. ಹೆಚ್ಚಿದೆ. ಈರುಳ್ಳಿ, ಶುಂಠಿ ಬೆಳ್ಳುಳ್ಳಿ, ಒಂದು ಚಮಚ ಗರಂ ಮಸಾಲೆ. ಸಿಗಡಿಯನ್ನೂ ಅಕ್ಕಿಯ ಜೊತೆಗೇ ಹಾಕಿ ಕುಕ್ಕರ್ ಮುಚ್ಚಿದೆ. ಸೋನಾ ಮಸೂರಿ ಅಕ್ಕಿ. ತೆರೆದಾಗ ಅನ್ನ ಬೂದಿ ಬಣ್ಣಕ್ಕೆ ಬಂದು ಮುದ್ದೆಯಾಗಿತ್ತು. ಅಣಬೆಯ ಕಾಲುಗಳು ಸೆಣಬಿನ ನಾರಿನ ಹಾಗೆ ಹಲ್ಲಿಗೆ ಸಿಕ್ಕಿಕೊಂಡವು. ಸಿಗಡಿ ರಬ್ಬರ್. ಎಲ್ಲಕ್ಕಿಂತ ಕೆಟ್ಟದ್ದು ಮರಳು. ತುತ್ತು ತುತ್ತಿಗೆ ಕರಕ್ ಅನ್ನುತ್ತಿತ್ತು.

ಆದರೂ ಒಂದು ಬಟ್ಟಲಲ್ಲಿ ಕೆಳಗೆ ತೆಗೆದುಕೊಂಡು ಹೋದೆ. ತಪ್ಪು ಎಲ್ಲಿ ಆಗಿದೆ ಅಂತ ತಿಳಿಯಬೇಕಿತ್ತು. ತಾಂತ್ ಎರಡು ಚಮಚ ತಿಂದರು. ನಿಧಾನವಾಗಿ ಅಗಿದರು. ಚಮಚ ಕೆಳಗಿಟ್ಟರು.

"ಸಿಗಡಿ ನೀನೇ ಬಿಡಿಸಿದ್ದಾ? ಚೆನ್ನಾಗಿ ಬಿಡಿಸಿದ್ದೀಯ."

ಸ್ವಲ್ಪ ಹೊತ್ತು ಬಿಟ್ಟು ಹೇಳಿದರು. "ಜೋಂ ಜೋಂ ನಾವು ತಿನ್ನುವುದಲ್ಲ ಪಿತಿತ್. ಅಕ್ಕಿಗೆ ಕುಡಿಸುವುದು. ಶುಕ್ರವಾರ ರಾತ್ರಿ ಬಾ."

ನನ್ನ ತಪ್ಪೆಲ್ಲ ಆ ಒಂದು ಮಾತಿನಲ್ಲಿ ಇತ್ತು. ನಾನು ಅಣಬೆಯನ್ನು ತರಕಾರಿ ಅಂದುಕೊಂಡಿದ್ದೆ. ಇಲ್ಲಿ ಅಣಬೆ ಅಂದರೆ ಕಷಾಯದ ಬೇರು ಇದ್ದ ಹಾಗೆ. ಸಾರವೆಲ್ಲ ನೀರಿಗೆ ಬರಬೇಕು, ಆಮೇಲೆ ಬೇರನ್ನು ಎಸೆಯಬೇಕು.

ಹಾಗಾಗಿ ಆ ಶುಕ್ರವಾರ ರಾತ್ರಿ ಮೇಜಿನ ಎದುರು ಕೂತೆವು. ಮೊದಲ ಕೆಲಸ ಆರಿಸುವುದು. ಒಂದು ಹಿಡಿ ಅಣಬೆಯನ್ನು ಪೇಪರ್ ಮೇಲೆ ತೆಳುವಾಗಿ ಹರಡಬೇಕು. ಹುಲ್ಲಿನ ಕಡ್ಡಿ, ಒಣ ಎಲೆ ಚೂರು, ಸಣ್ಣ ಕಲ್ಲು ತೆಗೆಯಬೇಕು. ಊರಲ್ಲಿ ಮೊರದಲ್ಲಿ ಉದ್ದು ಆರಿಸುತ್ತಿದ್ದೆವಲ್ಲ, ಅದೇ ಕೆಲಸ. ಆದರೆ ಇದು ಹಗುರ, ಜೋರಾಗಿ ಉಸಿರು ಬಿಟ್ಟರೂ ಹಾರುತ್ತದೆ. ಕಪ್ಪು ಅಣಬೆ ನಡುವೆ ಕಪ್ಪು ಕಡ್ಡಿ ಕಣ್ಣಿಗೆ ಕಾಣುವುದಿಲ್ಲ. ಬೆರಳಿಗೆ ಗೊತ್ತಾಗಬೇಕು. ಅಣಬೆ ಮುಟ್ಟಿದರೆ ಸ್ವಲ್ಪ ಬಾಗುತ್ತದೆ, ಕಡ್ಡಿ ಬಾಗುವುದಿಲ್ಲ. ಇದು ತಿಳಿಯಲು ನನಗೆ ಅರ್ಧ ಗಂಟೆ ಬೇಕಾಯಿತು.

ನಾನು ಅವಸರ ಮಾಡುವುದು ನೋಡಿ ತಾಂತ್ ಒಂದು ಗಾದೆ ಹೇಳಿದರು. ಪಿತಿ ಪಿತಿ ಜ್ವಾಜೋ ಫೆ ನಿಶ್. ಚೂರು ಚೂರಾಗಿಯೇ ಹಕ್ಕಿ ಗೂಡು ಕಟ್ಟುವುದು. ನಮ್ಮಲ್ಲಿ ಹನಿ ಹನಿ ಕೂಡಿದರೆ ಹಳ್ಳ ಅನ್ನುತ್ತೇವೆ ಅಂದೆ. ಅದನ್ನು ಕನ್ನಡದಲ್ಲೇ ಇನ್ನೊಂದು ಸಲ ಹೇಳು ಅಂದರು. ಹೇಳಿದೆ. "ಹನಿ ಹನಿ," ಅಂತ ಅವರೂ ಹೇಳಿ ನೋಡಿದರು.

ಅವರ ಊರು ಹೈಟಿಯ ಉತ್ತರದ ದೊಡ್ಡ ಪಟ್ಟಣ ಕ್ಯಾಪ್ ಹೈಟಿಯನ್ ಹತ್ತಿರ. ಅವರ ಬಾಯಲ್ಲಿ ಅದು ಓಕಾಪ್. ಅಡುಗೆಮನೆ ಗೋಡೆಯ ಕ್ಯಾಲೆಂಡರ್‌ನಲ್ಲಿ ಬೆಟ್ಟದ ತುದಿಯ ಒಂದು ಕೋಟೆ ಚಿತ್ರ ಇದೆ, ಸಿಟಡೆಲ್. ಸ್ವಾತಂತ್ರ್ಯ ಬಂದ ಮೇಲೆ ಫ್ರೆಂಚರು ಮತ್ತೆ ಬಂದರೆ ಇರಲಿ ಅಂತ ಕಟ್ಟಿಸಿದ್ದು. ಆ ಬೆಟ್ಟದ ಕೆಳಗೇ ಅವರು ಬೆಳೆದದ್ದು. ಮಳೆಗಾಲದಲ್ಲಿ ಅಣಬೆ ಎದ್ದರೆ ಬೆಳಿಗ್ಗೆ ಬೇಗ ಹೋಗಿ ಕೀಳುವುದು ಮಕ್ಕಳ ಕೆಲಸ. ಆಮೇಲೆ ಬಿಸಿಲಲ್ಲಿ ಒಣಗಿಸುವುದು. ನಮ್ಮಲ್ಲೂ ಮೊದಲ ಗುಡುಗು ಮಳೆಗೆ ಹುತ್ತದ ಹತ್ತಿರ ಅಣಬೆ ಏಳುತ್ತದೆ, ಮಕ್ಕಳೇ ಮೊದಲು ಓಡುವುದು ಅಂದೆ. "ಅದು ನೀರನ್ನು ಕಪ್ಪು ಮಾಡುತ್ತದಾ?" ಅಂತ ಕೇಳಿದರು. ಇಲ್ಲ ಅಂದೆ. "ಹಾಗಾದರೆ ಅದು ಬೇರೆ."

ಮೊದಲೆಲ್ಲ ಅವರ ತಂಗಿ ಊರಿಂದ ಬರುವವರ ಕೈಯಲ್ಲಿ ಒಂದೊಂದು ಚೀಲ ಕಳಿಸುತ್ತಿದ್ದರಂತೆ. ತಂಗಿ ಈಗ ಇರುವುದು ರಾಜಧಾನಿ ಪೋರ್ಟ್-ಒ-ಪ್ರಿನ್ಸ್‌ನಲ್ಲಿ. ಅಲ್ಲಿ ಬಂದೂಕು ಹಿಡಿದ ಗುಂಪುಗಳ ಹಾವಳಿ. 2024ರ ನವೆಂಬರ್‌ನಲ್ಲಿ ವಿಮಾನಕ್ಕೇ ಗುಂಡು ತಗುಲಿತು. ಆಮೇಲೆ ಅಮೆರಿಕದ ವಿಮಾನಗಳು ಆ ಊರಿಗೆ ಹೋಗುವುದು ನಿಂತಿತು. ನಾವು ಆರಿಸುತ್ತಿದ್ದದ್ದು ತಂಗಿ ಅದಕ್ಕೂ ಮೊದಲು ಕಳಿಸಿದ ಕೊನೇ ಚೀಲ. ಇದು ನನಗೆ ಆರಿಸಿ ಮುಗಿಯುವ ಹೊತ್ತಿಗೆ ಗೊತ್ತಾಯಿತು. ಬೇಡ ತಾಂತ್, ಅಂಗಡಿಯದ್ದರಲ್ಲೇ ಕಲಿಯುತ್ತೇನೆ ಅಂದೆ. ಅವರು ಕೇಳಲಿಲ್ಲ. "ಇಟ್ಟರೆ ವಾಸನೆ ಹೋಗುತ್ತದೆ. ಮಾಡಿದರೆ ನಾಲ್ಕು ಜನ ತಿನ್ನುತ್ತಾರೆ."

ಆರಿಸಿದ್ದು ಎರಡು ಕಪ್ ಆಯಿತು. ತೂಕ ಮಾಡಿದರೆ 60 ಗ್ರಾಂ ಆಸುಪಾಸು. ತಣ್ಣೀರಲ್ಲಿ ಒಂದೇ ಸಲ ಆಡಿಸಿ ತೆಗೆದರು. ಜಾಸ್ತಿ ತೊಳೆದರೆ ಬಣ್ಣ ಅಲ್ಲೇ ಹೋಗುತ್ತದೆ. ಸ್ಟೀಲ್ ಪಾತ್ರೆಗೆ ಹಾಕಿ ಐದು ಕಪ್ ಕುದಿಯುವ ನೀರು ಸುರಿದರು. ನಾನು ನೋಡುತ್ತಾ ನಿಂತೆ. ಮೊದಲು ನೀರು ಚಹಾ ಬಣ್ಣಕ್ಕೆ ತಿರುಗಿತು. ಅಣಬೆ ಟೋಪಿಗಳ ಸುತ್ತ ಹೊಗೆಯ ಹಾಗೆ ಕಪ್ಪು ಬಿಡುತ್ತಾ ಹೋಯಿತು, ಎಳೆ ಎಳೆಯಾಗಿ ಕೆಳಗೆ ಇಳಿಯಿತು. ಐದು ನಿಮಿಷದಲ್ಲಿ ಪಾತ್ರೆಯ ತಳ ಕಾಣಲಿಲ್ಲ. ಮುಚ್ಚಳ ಮುಚ್ಚಿ, "ಇನ್ನು ಅದರ ಕೆಲಸ. ನೀನು ಹೋಗಿ ಮಲಗು," ಅಂದರು.

ಅವಸರ ಇದ್ದರೆ ಅರ್ಧ ಗಂಟೆ ನೆನೆಸಿ ಹತ್ತು ನಿಮಿಷ ಕುದಿಸಿದರೂ ನಡೆಯುತ್ತದೆ. ಆಮೇಲೆ ಎರಡೂ ಮಾಡಿ ನೋಡಿದ್ದೇನೆ. ಬಣ್ಣದಲ್ಲಿ ದೊಡ್ಡ ವ್ಯತ್ಯಾಸ ಇಲ್ಲ. ಘಮದಲ್ಲಿ ಇದೆ. ರಾತ್ರಿ ನೆನೆದದ್ದೇ ಮೇಲು.

ಶನಿವಾರ ಬೆಳಿಗ್ಗೆ ಹತ್ತಕ್ಕೆ ಹೋದಾಗ ತಾಂತ್ ಆಗಲೇ ಪಿಲೋಂ ಇಳಿಸಿಟ್ಟಿದ್ದರು. ಪಿಲೋಂ ಅಂದರೆ ಮರದ ಒರಳು, ಜೊತೆಗೆ ಒನಕೆಯಂಥ ಉದ್ದ ಕೋಲು. ಬಳಸಿ ಬಳಸಿ ಒಳಗೆಲ್ಲ ನುಣುಪಾಗಿತ್ತು. ಅದರಲ್ಲಿ ಕುಟ್ಟುವುದು ಎಪಿಸ್. ಹೈಟಿಯ ಅಡುಗೆಗೆ ಎಪಿಸ್ ಇಲ್ಲದೆ ನಡೆಯುವುದೇ ಇಲ್ಲ. ನಮ್ಮಲ್ಲಿ ಅರೆದ ಮಸಾಲೆ ಇದ್ದ ಹಾಗೆ. ಆದರೆ ಒಣ ಸಾಮಾನು ಕಡಿಮೆ, ಹಸಿ ಸೊಪ್ಪೇ ಜಾಸ್ತಿ. ಈರುಳ್ಳಿ ಸೊಪ್ಪು ಒಂದು ಕಟ್ಟು, ಪಾರ್ಸ್ಲಿ ಅರ್ಧ ಕಟ್ಟು, ಬೆಳ್ಳುಳ್ಳಿ ಎಂಟು ಎಸಳು, ಅರ್ಧ ಹಸಿರು ದೊಣ್ಣೆ ಮೆಣಸಿನಕಾಯಿ, ಥೈಮ್ ಸೊಪ್ಪಿನ ಎಲೆ, ಎರಡು ಲವಂಗ, ಉಪ್ಪು. ಮೊದಲು ಬೆಳ್ಳುಳ್ಳಿ, ಉಪ್ಪು, ಲವಂಗ. ಅದು ನುರಿದ ಮೇಲೆ ಸೊಪ್ಪು ಸ್ವಲ್ಪ ಸ್ವಲ್ಪ. ಕೊನೆಗೆ ನಿಂಬೆರಸ, ಎಣ್ಣೆ.

ಮಿಕ್ಸಿಯಲ್ಲಿ ಹಾಕಬಾರದಾ ಅಂತ ಕೇಳಿದೆ. ವಾರದ ಅಡುಗೆಗೆ ಅವರೂ ಮಿಕ್ಸಿಯಲ್ಲೇ ಹಾಕುತ್ತಾರೆ. ಈ ಅನ್ನಕ್ಕೆ ಮಾತ್ರ ಬೇಡ ಅಂದರು. ಮಿಕ್ಸಿಯಲ್ಲಿ ಸೊಪ್ಪು ನೀರು ಬಿಡುತ್ತದೆ. ಎಣ್ಣೆಗೆ ಹಾಕಿದರೆ ಹುರಿಯುವುದಿಲ್ಲ, ಬೇಯುತ್ತದೆ. ಕುಟ್ಟಿದ್ದು ತರಿ ತರಿ ಇರುತ್ತದೆ, ಎಣ್ಣೆಯಲ್ಲಿ ಅಂಚು ಕೆಂಪಾಗುತ್ತದೆ. ಒರಳಲ್ಲಿ ಅರೆದ ಚಟ್ನಿ ತಿಂದು ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಸಿಗಡಿ ನನ್ನ ಪಾಲಿಗೆ ಬಂತು. 450 ಗ್ರಾಂ, ತಲೆ ಸಮೇತ. ನಮ್ಮ ಕುಂದಾಪುರದ ಕಡೆ ಚಟ್ಲಿ ಅನ್ನುತ್ತೇವೆ. ಅಮ್ಮ ಬಾವಿಕಟ್ಟೆಯ ಹತ್ತಿರ ಕೂತು ಕಲಿಸಿದ ಕೆಲಸ. ತಲೆ ತಿರುಚಿ ಎಳೆದು, ಕಾಲಿನ ಕಡೆಯಿಂದ ಸಿಪ್ಪೆ ಬಿಡಿಸಿ, ಬೆನ್ನು ಸೀಳಿ ಕಪ್ಪು ನೂಲು ತೆಗೆಯುವುದು. ಬಾಲದ ತುದಿ ಹಾಗೇ ಬಿಡು ಅಂದರು ತಾಂತ್. ಬಿಡಿಸಿದ್ದನ್ನು ಹುಳಿ ಕಿತ್ತಳೆಯ ರಸ ಹಾಕಿ ತೊಳೆದರು. ಆ ಹಣ್ಣು ನಮ್ಮ ಹೇರಳೆಕಾಯಿಯ ಹತ್ತಿರದ್ದು ಅನ್ನಿಸಿತು, ಸಿಪ್ಪೆಯ ಕಹಿ ಮೂಗಿಗೇ ಬರುತ್ತದೆ. ಮೀನಾಗಲಿ ಮಾಂಸವಾಗಲಿ, ಹುಳಿ ಹಾಕಿ ತೊಳೆಯದೆ ಅವರು ಒಲೆ ಮೇಲೆ ಇಡುವುದಿಲ್ಲ. ಆಮೇಲೆ ಮೂರು ಚಮಚ ಎಪಿಸ್ ಸವರಿ ಫ್ರಿಜ್‌ನಲ್ಲಿ ಇಟ್ಟೆವು. ತಲೆ, ಸಿಪ್ಪೆ ಎಸೆಯಲು ಹೋದೆ. ಕೈ ಹಿಡಿದರು. ಒಂದು ಕಪ್ ನೀರು ಹಾಕಿ ಬೇರೆ ಪಾತ್ರೆಯಲ್ಲಿ ಹದಿನೈದು ನಿಮಿಷ ಕುದಿಸಿ ಸೋಸಿದರು. ಕಿತ್ತಳೆ ಬಣ್ಣದ ಸಾರು, ಇಳಿದು ಅರ್ಧ ಕಪ್ ಉಳಿಯಿತು.

ಇನ್ನು ಅಣಬೆ ನೀರು. ಮುಚ್ಚಳ ತೆಗೆದರೆ ಮಸಿ. ಹತ್ತು ನಿಮಿಷ ಕುದಿಸಿ, ಇಳಿಸಿ, ಸ್ವಲ್ಪ ಆರಲು ಬಿಟ್ಟರು. ನಂತರ ಜರಡಿಯ ಮೇಲೆ ತೆಳು ಹತ್ತಿ ಬಟ್ಟೆ ಎರಡು ಪದರ ಹಾಸಿದರು. ನನ್ನ ಅನ್ನದಲ್ಲಿ ಮರಳು ಬಂದದ್ದು ಯಾಕೆ ಅಂತ ಆಗ ಕಣ್ಣಾರೆ ಕಂಡೆ. ಪಾತ್ರೆಯನ್ನು ಅಲುಗಾಡಿಸದೆ ಮೇಲಿನ ನೀರು ಮಾತ್ರ ಬಗ್ಗಿಸಬೇಕು. ತಳದಲ್ಲಿ ಬೆರಳಗಲ ನೀರು ಉಳಿದಾಗ ನಿಲ್ಲಿಸಬೇಕು. ಅಲ್ಲಿ ಮಣ್ಣು ಕೂತಿರುತ್ತದೆ. ಅಷ್ಟು ನೀರು ಹೋದರೆ ಹೋಗಲಿ ಅಂದರು. ಅಣಬೆಯನ್ನು ಬಟ್ಟೆಯಲ್ಲಿ ಗಂಟು ಕಟ್ಟಿ ನನ್ನ ಕೈಗೆ ಕೊಟ್ಟರು.

"ಹಿಂಡು."

ಹಿಂಡಿದೆ. ಬೆರಳ ಸಂದಿಯಲ್ಲಿ ಕಪ್ಪು ನೀರು ಇಳಿಯಿತು. "ಇನ್ನೂ ಇದೆ." ಮತ್ತೆ ಹಿಂಡಿದೆ. ತೆಂಗಿನ ಹಾಲು ಹಿಂಡಿದ ಅಭ್ಯಾಸ ಇರುವ ಕೈ. ಆದರೂ ಅವರಿಗೆ ಸಮಾಧಾನ ಇಲ್ಲ. ಗಂಟು ತಾವೇ ತೆಗೆದುಕೊಂಡು ತಿರುಚಿದರು. ಎಪ್ಪತ್ತೆರಡು ವರ್ಷದ ಕೈ. ಇನ್ನೂ ಕಾಲು ಕಪ್ ಬಂತು, ಅದೇ ಎಲ್ಲಕ್ಕಿಂತ ದಪ್ಪ, ಎಲ್ಲಕ್ಕಿಂತ ಕಪ್ಪು. ಗಂಟು ಬಿಚ್ಚಿದಾಗ ಒಳಗೆ ಉಳಿದದ್ದು ಬಣ್ಣ ಸತ್ತ ನಾರು. ವಾಸನೆ ನೋಡಿದೆ, ಏನೂ ಇಲ್ಲ. ಅದನ್ನು ಕಸಕ್ಕೆ ಹಾಕುವಾಗ ನನಗೆ ಸಂಕಟ ಆಗಲಿಲ್ಲ. ಇದ್ದದ್ದೆಲ್ಲ ಆ ಪಾತ್ರೆಯಲ್ಲಿ ಇತ್ತು. ಒಂದು ಚಮಚ ಕುಡಿದು ನೋಡಿದೆ. ಉಪ್ಪಿಲ್ಲದಿದ್ದರೂ ತುಂಬಿದ ರುಚಿ, ಕೊನೆಯಲ್ಲಿ ಒಂದು ಸಣ್ಣ ಕಹಿ. ರಾತ್ರಿ ಚೀಲದಲ್ಲಿ ಮೂಸಿದ ವಾಸನೆ ಈಗ ನಾಲಿಗೆಯ ಮೇಲೆ.

ಇದಕ್ಕೆ ಬದಲಿ ಏನು ಅಂತ ಕೇಳುವವರಿಗೆ ಒಂದು ಮಾತು. ಒಣ ಶಿಟಾಕೆ ಅಣಬೆ ನೆನೆಸಿ ನೋಡಿದ್ದೇನೆ. ನೀರು ಕಂದು ಆಗುತ್ತದೆ, ರುಚಿಯೂ ಬರುತ್ತದೆ. ಅದು ಒಳ್ಳೆಯ ಅಣಬೆ ಅನ್ನ, ಆದರೆ ಈ ಅನ್ನ ಅಲ್ಲ. ಜೋಂ ಜೋಂ ಹೆಸರಿನ ಮ್ಯಾಗಿ ಕ್ಯೂಬ್ ಸಿಗುತ್ತದೆ, ತಾಂತ್ ಕಪಾಟಿನಲ್ಲೂ ಇದೆ. ಅಣಬೆ ಕಡಿಮೆ ಇದ್ದಾಗ ಒಂದು ಕ್ಯೂಬ್ ಸೇರಿಸುತ್ತಾರೆ. ಕ್ಯೂಬ್‌ನಿಂದ ಬಣ್ಣ ಬರುತ್ತದೆ, ಉಪ್ಪು ಬರುತ್ತದೆ. ಹಾಡಿಯ ವಾಸನೆ ಬರುವುದಿಲ್ಲ. ಕೈಗೆ ಅಣಬೆ ಸಿಗುವವರೆಗೆ ಕಾಯುವುದು ವಾಸಿ ಅಂತ ನನ್ನ ಅಭಿಪ್ರಾಯ.

ಅಕ್ಕಿ ಅಳೆಯುವಾಗ ತಾಂತ್ ಗಂಡನ ಮಾತು ಬಂತು. ಅವರು ಈಗ ಇಲ್ಲ. ಅವರ ಊರು ಆರ್ತಿಬೋನಿತ್ ನದಿಯ ಕಣಿವೆ, ಹೈಟಿಯ ಭತ್ತದ ಗದ್ದೆಗಳೆಲ್ಲ ಇರುವ ಜಾಗ. ಒಂದು ಕಾಲದಲ್ಲಿ ದೇಶಕ್ಕೆ ಬೇಕಾದ ಅಕ್ಕಿಯ ಬಹುಪಾಲು ಅಲ್ಲೇ ಬೆಳೆಯುತ್ತಿತ್ತು. 1990ರ ದಶಕದ ನಡುವೆ ಹೊರಗಿನ ಅಕ್ಕಿಯ ಮೇಲಿನ ಸುಂಕವನ್ನು ಶೇಕಡಾ 3ಕ್ಕೆ ಇಳಿಸಿದರು. ಅಮೆರಿಕದ ಅಗ್ಗದ ಅಕ್ಕಿ ಬಂದು ತುಂಬಿತು. ಜನ ಅದನ್ನು ಮಿಯಾಮಿ ಅಕ್ಕಿ ಅಂತ ಕರೆದರು. ಗದ್ದೆ ಮಾಡುವವರು ಕೈಬಿಟ್ಟರು. ಸುಂಕ ಇಳಿಸಿದಾಗ ಅಮೆರಿಕದ ಅಧ್ಯಕ್ಷರಾಗಿದ್ದ ಬಿಲ್ ಕ್ಲಿಂಟನ್ 2010ರ ಮಾರ್ಚ್‌ನಲ್ಲಿ ಸೆನೆಟ್ ಸಮಿತಿಯ ಮುಂದೆ ಇದನ್ನು ತಪ್ಪು ಅಂತ ಒಪ್ಪಿಕೊಂಡರು. ತಮ್ಮ ರಾಜ್ಯ ಅರ್ಕಾನ್ಸಾಸ್‌ನ ಕೆಲವು ರೈತರಿಗೆ ಒಳ್ಳೆಯದಾಗಿರಬಹುದು, ಹೈಟಿಗೆ ಆಗಲಿಲ್ಲ ಅನ್ನುವ ಅರ್ಥದಲ್ಲಿ ಹೇಳಿದ್ದರು.

"ಅವರು ಒಪ್ಪಿಕೊಂಡ ದಿನ ನನ್ನ ಗಂಡ ಟಿವಿ ಆರಿಸಿ ಹೊರಗೆ ಹೋದರು. ತುಂಬ ಹೊತ್ತು ಬರಲಿಲ್ಲ," ಅಂದರು ತಾಂತ್. ಅಳತೆ ಕಪ್ ಅವರ ಕೈಯಲ್ಲೇ ಇತ್ತು. ನಮ್ಮ ಮನೆಯ ಗದ್ದೆಯೂ ಈಗ ಹಡಿಲು ಬಿದ್ದಿದೆ. ಕಾರಣ ಬೇರೆ. ಆದರೆ ಗಂಡಸರು ಮಾತಾಡದೆ ಹೊರಗೆ ಹೋಗುವುದು ನನಗೆ ಗೊತ್ತು.

ನಾವು ಅಳೆದದ್ದೂ ಅಮೆರಿಕದ ಅಕ್ಕಿಯೇ. ಉದ್ದ ಅಗುಳಿನದು, ಎರಡು ಕಪ್. ಎರಡು ಸಲ ತೊಳೆದು ಬಸಿಯಲು ಇಟ್ಟೆವು.

ಆಮೇಲಿನದು ಬೇಗ ಬೇಗ ಆಯಿತು. ದಪ್ಪ ತಳದ ಅಲ್ಯೂಮಿನಿಯಂ ಪಾತ್ರೆ. ಮೂರು ಚಮಚ ಎಣ್ಣೆ ಕಾದ ಮೇಲೆ ಸಿಗಡಿ. ಒಂದೊಂದು ಬದಿ ಒಂದು ನಿಮಿಷ, ಬಣ್ಣ ತಿರುಗಿದ ಕೂಡಲೇ ತೆಗೆದು ತಟ್ಟೆಗೆ. ಒಳಗೆ ಇನ್ನೂ ಪೂರ್ತಿ ಬೆಂದಿರಬಾರದು. ಅದೇ ಎಣ್ಣೆಗೆ ಉಳಿದ ಎಪಿಸ್, ಹೆಚ್ಚಿದ ಈರುಳ್ಳಿ. ಅಂಚು ಕೆಂಪಾಗುವಾಗ ಒಂದು ಕಪ್ ಹಸಿ ಬಟಾಣಿ. ಕೆಲವರು ಲೈಮಾ ಬೀನ್ಸ್ ಹಾಕುತ್ತಾರೆ, ಅಂದರೆ ನಮ್ಮ ಡಬಲ್ ಬೀನ್ಸ್. ಓಕಾಪ್ ಕಡೆ ಗೋಡಂಬಿ ಬಳಕೆ ಜಾಸ್ತಿ, ಕೋಳಿಗೂ ಹಾಕುತ್ತಾರೆ. ನಾನು ಊರಿಂದ ತಂದ ಗೋಡಂಬಿ ಒಂದು ಹಿಡಿ ಕೊಟ್ಟೆ. ತಾಂತ್ ಒಂದನ್ನು ಬಾಯಿಗೆ ಹಾಕಿಕೊಂಡು, ತಲೆ ಆಡಿಸಿ, ಉಳಿದದ್ದನ್ನು ಪಾತ್ರೆಗೆ ಹಾಕಿದರು.

ಆಮೇಲೆ ನೀರು. ಅಣಬೆ ನೀರು ಮೂರು ಕಪ್, ಸಿಗಡಿ ಸಿಪ್ಪೆಯ ಸಾರು ಅರ್ಧ ಕಪ್. ಎರಡು ಕಪ್ ಅಕ್ಕಿಗೆ ಒಟ್ಟು ಮೂರೂವರೆ. ಎರಡಕ್ಕೆ ನಾಲ್ಕು ಹಾಕಿದರೆ ಈ ಅಕ್ಕಿ ಮೆತ್ತಗಾಗುತ್ತದೆ. ಉಪ್ಪು ಹಾಕಿ ನೀರಿನ ರುಚಿ ನೋಡಬೇಕು, ಒಂಚೂರು ಉಪ್ಪು ಮುಂದೆ ಇರಬೇಕು. ಕುದಿ ಬಂದ ಮೇಲೆ ಅಕ್ಕಿ, ಒಂದು ಕಡ್ಡಿ ಥೈಮ್. ಮೇಲೆ ಒಂದು ಇಡೀ ಪಿಮಾಂ ಬುಕ್. ಬುಗುರಿಯಂಥ ಸಣ್ಣ ಮೆಣಸಿನಕಾಯಿ, ಭಯಂಕರ ಖಾರ. ತೊಟ್ಟು ಮುರಿಯಬಾರದು, ಸಿಪ್ಪೆ ಒಡೆಯಬಾರದು. ಹಾಗೇ ತೇಲಿದರೆ ಘಮ ಮಾತ್ರ ಬಿಡುತ್ತದೆ. ಒಡೆದರೆ ಇಡೀ ಪಾತ್ರೆ ಖಾರ. ನಾನು ಸೌಟು ಹಿಡಿದ ತಕ್ಷಣ ತಾಂತ್ ಹತ್ತಿರ ಬಂದು ನಿಂತರು.

ಹತ್ತು ನಿಮಿಷಕ್ಕೆ ನೀರು ಅಕ್ಕಿಯ ಮಟ್ಟಕ್ಕೆ ಇಳಿಯಿತು. ಮೇಲೆ ಸಣ್ಣ ಸಣ್ಣ ತೂತು ಬಿದ್ದು ಅಲ್ಲಿಂದ ಕಪ್ಪು ಗುಳ್ಳೆ ಏಳತೊಡಗಿತು. ಆಗ ಒಂದು ಚಮಚ ಬೆಣ್ಣೆ ಹಾಕಿ, ಫಾಯಿಲ್ ಹೊದೆಸಿ, ಅದರ ಮೇಲೆ ಮುಚ್ಚಳ ಒತ್ತಿ, ಉರಿ ಪೂರ್ತಿ ಸಣ್ಣ ಮಾಡಿದರು. ಇದಕ್ಕೆ ತುಫೆ ಅನ್ನುತ್ತಾರೆ, ನಮ್ಮ ದಮ್. ಇಪ್ಪತ್ತು ನಿಮಿಷ. ಕೊನೆಯ ಐದು ನಿಮಿಷಕ್ಕೆ ಒಂದೇ ಸಲ ತೆಗೆದು, ಮೆಣಸಿನಕಾಯಿಯನ್ನು ಹುಷಾರಾಗಿ ಎತ್ತಿ, ಸಿಗಡಿಯನ್ನು ಮೇಲೆ ಜೋಡಿಸಿ, ಮತ್ತೆ ಮುಚ್ಚಬೇಕು. ಆ ಹಬೆಯಲ್ಲೇ ಅದು ಬೇಯುತ್ತದೆ.

ಕಾಯುವಾಗ ತಾಂತ್ ತಂಗಿಗೆ ಫೋನ್ ಮಾಡಿದರು. ವೀಡಿಯೊ ಬಂತು, ಮಧ್ಯೆ ಮಧ್ಯೆ ನಿಂತು ಹೋಗುತ್ತಿತ್ತು. ಮುಚ್ಚಿದ ಪಾತ್ರೆಯನ್ನೇ ತೋರಿಸಿದರು. ಆ ಕಡೆಯಿಂದ ತಂಗಿ ಏನೋ ಕೇಳಿದರು, ಇಬ್ಬರೂ ನಕ್ಕರು. ನನಗೆ ಅರ್ಥವಾದದ್ದು ಗ್ರಾತೆಂ ಅನ್ನುವ ಒಂದೇ ಮಾತು. ತಳ ಹಿಡಿದ ಅನ್ನಕ್ಕೆ ಹಾಗನ್ನುತ್ತಾರೆ. ಚಿಕ್ಕವರಿದ್ದಾಗ ಅಕ್ಕ ತಂಗಿ ಅದಕ್ಕೆ ಜಗಳ ಆಡುತ್ತಿದ್ದರಂತೆ. ಯಾರ ಪಾಲಿಗೆ ಅಂತ ತಂಗಿ ಕೇಳಿದ್ದು. ನನ್ನ ಕಡೆ ತೋರಿಸಿ, ಈ ಮಗುವಿಗೆ ಅಂದರಂತೆ.

ಮುಚ್ಚಳ ತೆಗೆದಾಗ ಹಬೆ ಮುಖಕ್ಕೆ ಬಡಿಯಿತು. ಹಾಡಿ, ಸಮುದ್ರ, ಲವಂಗ. ಅಗುಳು ಅಗುಳು ಬೇರೆ, ಕಪ್ಪಗೆ ಮಿನುಗುತ್ತಿತ್ತು. ಫೋರ್ಕ್‌ನಿಂದ ಬದಿಯಿಂದ ಮಾತ್ರ ಸಡಿಲ ಮಾಡಿದರು. ಒಂದು ಚಮಚ ನನ್ನ ಬಾಯಿಗೆ ಹಾಕಿ ನನ್ನ ಮುಖವನ್ನೇ ನೋಡುತ್ತಾ ನಿಂತರು. ಸಿಗಡಿ ಹಲ್ಲಿಗೆ ಮೆತ್ತಗೆ ಸಿಕ್ಕಿ ಬಿಟ್ಟಿತು. ಗೋಡಂಬಿ ನೆನೆದು ಬೆಣ್ಣೆ ಆಗಿತ್ತು. ಮರಳು ಇಲ್ಲ. "ವಾಸನೆ ಬಂತಾ?" ಅಂದರು. ಬಂತು ತಾಂತ್ ಅಂದೆ. ಕಣ್ಣು ತುಂಬಿತು. ಯಾಕೆ ಅಂತ ಅವರು ಕೇಳಲಿಲ್ಲ.

ಒಂದು ತಿಂಗಳು ಬಿಟ್ಟು ನನ್ನ ಒಲೆಯ ಮೇಲೆ ಒಬ್ಬಳೇ ಮಾಡಿದೆ. ಅಂಗಡಿಯ ಪೊಟ್ಟಣ, ಅದೇ ಅಳತೆ. ಆರಿಸಲು ಮುಕ್ಕಾಲು ಗಂಟೆ. ಅಂ‌ಗಡಿಯದ್ದರಲ್ಲಿ ಕಡ್ಡಿ ಜಾಸ್ತಿ. ಬಟ್ಟೆಗೆ ಅಮ್ಮನ ಹಳೇ ಹತ್ತಿ ಸೀರೆಯ ತುಂಡು ಹರಿದುಕೊಂಡೆ. ಹಿಂಡಿ ಸಾಕು ಅನ್ನಿಸಿದ ಮೇಲೆ ಮತ್ತೊಂದು ಸಲ ತಿರುಚಿದೆ. ಪಿಲೋಂ ಇಲ್ಲ, ಊರಿಂದ ತಂದ ಕಲ್ಲಿನ ಕುಟ್ಟಾಣಿಯಲ್ಲಿ ಎಪಿಸ್ ಕುಟ್ಟಿದೆ. ಉರಿ ಒಂಚೂರು ಜಾಸ್ತಿ ಆಗಿ ತಳ ಹಿಡಿಯಿತು, ಆದರೆ ಸೀಯಲಿಲ್ಲ.

ಮೇಲಿನ ಚಂದದ ಅನ್ನ ಬಟ್ಟಲಿಗೆ ತೋಡಿ, ಸಿಗಡಿ ಜೋಡಿಸಿ, ಕೆಳಗೆ ಹೋದೆ. ತಾಂತ್ ಎರಡು ಚಮಚ ತಿಂದರು. ಮೂರನೇದೂ ತಿಂದರು. ಚಮಚ ಕೆಳಗಿಡಲಿಲ್ಲ. ಬಟ್ಟಲಲ್ಲಿ ಅನ್ನವನ್ನು ಆ ಕಡೆ ಈ ಕಡೆ ಸರಿಸಿ ಏನೋ ಹುಡುಕಿದರು.

"ಗ್ರಾತೆಂ ಎಲ್ಲಿ?"

ಪಾತ್ರೆಯಲ್ಲೇ ಇದೆ, ಮೇಲೆ ಬಿಟ್ಟು ಬಂದೆ ಅಂದೆ.

"ಹೋಗಿ ಪಾತ್ರೆ ತಗೊಂಡು ಬಾ. ಎರಡು ಚಮಚ ತಾ. ಈ ಸಲ ನಾನು ಬಿಟ್ಟು ಕೊಡುವುದಿಲ್ಲ," ಅಂದರು.